ಕ್ಯಾಮೆರಾ ಹಿಡಿದವರ ಹೆಸರನ್ನೂ ಹಾಕಿ

ಮಾನ್ಯರೇ,

ಸಿನಿಮಾ ವಿಮರ್ಶೆಯ ಕೊನೆಗೆ ‘ಛಾಯಾಗ್ರಹಣ ಕಣ್ಣಿಗೆ ಹಬ್ಬ’ ಅಂತ ಒಂದು ಸಾಲು ಇರುತ್ತದಲ್ಲ, ಅದನ್ನು ಓದಿ ಓದಿ ಸಾಕಾಗಿದೆ. ಮೊನ್ನೆ ‘ಕಾಡು’ (1973) ಬಗ್ಗೆ ಒಂದು ಬರಹ ಓದಿದೆ. ನಿರ್ದೇಶಿಸಿದ ಕಾರ್ನಾಡರು ಬಂದರು, ಕಾದಂಬರಿ ಬರೆದ ಶ್ರೀಕೃಷ್ಣ ಆಲನಹಳ್ಳಿ ಬಂದರು, ರಾಷ್ಟ್ರಪ್ರಶಸ್ತಿ ಪಡೆದ ನಂದಿನಿ ಭಕ್ತವತ್ಸಲ ಬಂದರು. ಕ್ಯಾಮೆರಾ ಹಿಡಿದ ಗೋವಿಂದ ನಿಹಲಾನಿ ಮಾತ್ರ ಎಲ್ಲೂ ಇಲ್ಲ!

ಅವರೇನು ಹೊರಗಿನವರಾ? ಹುಟ್ಟಿದ್ದು ಕರಾಚಿಯಲ್ಲಿ, ಸರಿ. ಆದರೆ ಕ್ಯಾಮೆರಾ ಕಲಿತಿದ್ದು ನಮ್ಮ ಬೆಂಗಳೂರಿನ ಎಸ್.ಜೆ. ಪಾಲಿಟೆಕ್ನಿಕ್‌ನಲ್ಲಿ, 1962ರಲ್ಲಿ ಓದು ಮುಗಿಸಿದರು. ಅದೇ ಪಾಲಿಟೆಕ್ನಿಕ್‌ನಲ್ಲಿ ಓದಿದ್ದ ಮೈಸೂರಿನ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರ ಕೈಕೆಳಗೆ ವರ್ಷಗಟ್ಟಲೆ ಪಳಗಿದರು. ಆಮೇಲೆ ನಿರ್ದೇಶಕ ಶ್ಯಾಮ್ ಬೆನಗಲ್ ಜೊತೆ ಜಾಹೀರಾತು, ಸಾಕ್ಷ್ಯಚಿತ್ರ, 1974ರಲ್ಲಿ ‘ಅಂಕುರ್’.

ನಾನು ಮದುವೆ ವಿಡಿಯೋ ಮಾಡುವವನು, ಅವರ ಜೊತೆ ಹೋಲಿಸಿಕೊಳ್ಳುವ ಧೈರ್ಯವಿಲ್ಲ. ಆದರೂ ಒಂದು ಸಂಕಟ ಗೊತ್ತು. ತಾಳಿ ಕಟ್ಟುವ ಹೊತ್ತಿಗೆ ಸರಿಯಾಗಿ ಯಾರೋ ಚಿಕ್ಕಪ್ಪ ಮೊಬೈಲ್ ಎತ್ತಿಕೊಂಡು ಅಡ್ಡ ಬರುತ್ತಾರೆ, ‘ಇನ್ನೊಂದ್ಸಲ ಕಟ್ಟಿ’ ಅನ್ನೋಕಾಗಲ್ಲ. ಸಾಕ್ಷ್ಯಚಿತ್ರದವರದೂ ಇದೇ ಪಾಡು. ಇದ್ದ ಬೆಳಕಲ್ಲೇ, ನಿಂತ ಜಾಗದಲ್ಲೇ, ಸಿಕ್ಕಿದ್ದನ್ನು ಹಿಡಿಯಬೇಕು.

ಆ ಅಭ್ಯಾಸ ಕತೆ ಸಿನಿಮಾದಲ್ಲಿ ಹೇಗೆ ಕೈಹಿಡಿಯಿತು ಅಂತ ನೋಡಬೇಕಾದರೆ ನಿಹಲಾನಿ ಕ್ಯಾಮೆರಾ ಹಿಡಿದ ‘ಮಂಥನ್’ (1976) ನೋಡಿ. ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಹಾಕಿ ಮಾಡಿಸಿದ ಸಿನಿಮಾ. ಈಸ್ಟ್‌ಮನ್, ಗೇವಾ, ಓರ್ವೊ ಅಂತ ಬೇರೆ ಬೇರೆ ಕಂಪನಿಯ ಫಿಲಂ ಬಳಸಿ ತೆಗೆದದ್ದು. ಒಂದೊಂದು ಫಿಲಂನಲ್ಲೂ ಬಣ್ಣ ಒಂದೊಂದು ಥರ ಬರುತ್ತದೆ, ತಾಳೆ ಹಾಕುವುದೇ ತಲೆನೋವು. ಅಷ್ಟಾದರೂ ಆ ಧೂಳು, ಆ ಮುಖಗಳು ಸೆಟ್ ಹಾಕಿ ತೆಗೆದ ಹಾಗೆ ಎಲ್ಲೂ ಕಾಣುವುದಿಲ್ಲ. 2024ರಲ್ಲಿ ಹೊಸ ಪ್ರಿಂಟ್ ಮಾಡಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು, ಬಣ್ಣ ಸರಿಪಡಿಸುವ ಕೆಲಸಕ್ಕೆ ನಿಹಲಾನಿಯವರೇ ಮುಂದೆ ನಿಂತಿದ್ದರು.

‘ಜುನೂನ್’ ಕ್ಯಾಮೆರಾ ಕೆಲಸಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು. 1980ರ ‘ಆಕ್ರೋಶ್’ನಿಂದ ಅವರೇ ನಿರ್ದೇಶಕರಾದರು. ಅಲ್ಲಿಂದಾಚೆಗೆ ಎಲ್ಲರೂ ಅವರನ್ನು ನಿರ್ದೇಶಕ ಅಂತಲೇ ಕರೆಯೋದು, ಕ್ಯಾಮೆರಾ ಮರೆತೇಹೋಯಿತು.

ಜಾಸ್ತಿ ಏನೂ ಕೇಳುತ್ತಿಲ್ಲ ಸಾರ್. ‘ಕಣ್ಣಿಗೆ ಹಬ್ಬ’ ಬಿಟ್ಟುಬಿಡಿ, ಆ ಜಾಗದಲ್ಲಿ ಹೆಸರು ಹಾಕಿ, ಬೆಳಕು ಎಲ್ಲಿಂದ ಬಂತು ಅಂತ ಎರಡು ಸಾಲು ಬರೆಸಿ.

– ಒಬ್ಬ ಓದುಗ, ಹಾಸನ