ಶಾರ್ಲೊಟ್ಟಳ ಬದುಕು ಬರೆಯುವ ಪುಟ್ಟಿಗೆ

ಚಿ. ಪುಟ್ಟಿಗೆ ದೊಡ್ಡಮ್ಮ ಮಾಡುವ ಆಶೀರ್ವಾದ.

ಶಾರ್ಲೊಟ್ಟ ಲೊನ್‌ಕ್ವಿಸ್ಟಳ ಬಗ್ಗೆ ನೀನು ಬರೆದ ಮೊದಲ ಪುಟಗಳನ್ನು ಓದಿದೆ. ಅವಳನ್ನು ಮೂರು ಕಡೆ ‘ತ್ಯಾಗಮಯಿ’ ಅಂದಿದ್ದೀಯ. ಮೂರನ್ನೂ ಹೊಡೆದುಹಾಕು ಮಗಳೇ. ಆ ಮಾತು ಬಂದ ತಕ್ಷಣ ಅವಳ ದುಡಿಮೆ ಓದುಗರ ಕಣ್ಣಿಂದ ಮರೆಯಾಗುತ್ತದೆ. ಅವಳು ಫಿನ್ಲೆಂಡಿನ ಕಾದಂಬರಿಕಾರ, ನಾಟಕಕಾರ ಅಲೆಕ್ಸಿಸ್ ಕಿವಿಗೆ ಕೊಟ್ಟದ್ದು ಇರಲು ಮನೆ, ಎರಡು ಹೊತ್ತು ಊಟ, ಬರೆಯಲು ನೆಮ್ಮದಿ, ಕಾಯಿಲೆ ಬಿದ್ದಾಗ ಆರೈಕೆ. ಇವೆಲ್ಲ ಎಣಿಸಬಹುದಾದ ಸಂಗತಿಗಳು. ಎಣಿಸಿಯೇ ಬರೆ.

ಲೆಕ್ಕ ಹೀಗೆ ಹಿಡಿ. ಕಿವಿ 1864ರಿಂದ 1871ರವರೆಗೆ ಅವಳ ಮನೆಯಲ್ಲಿದ್ದ. ಸುಮಾರು ಏಳು ವರ್ಷ, ಅಂದರೆ ಎರಡೂವರೆ ಸಾವಿರ ದಿನ. 1865ರಲ್ಲಿ ‘ನುಮ್ಮಿಸೂತಾರಿತ್’ ನಾಟಕಕ್ಕೆ ಬಂದ ಸರ್ಕಾರಿ ಬಹುಮಾನ 2,500 ಮಾರ್ಕ್. ಆ ಹಣವನ್ನು ಅಷ್ಟೂ ದಿನಕ್ಕೆ ಹರಡಿದರೆ ದಿನಕ್ಕೆ ಒಂದು ಮಾರ್ಕ್ ಬೀಳುತ್ತದೆ. ಆದರೆ ಅವನ ತಲೆಯ ಮೇಲೆ ಸಾಲ ಯಾವಾಗಲೂ ಇತ್ತು. ಮನೆ ನಡೆದದ್ದು ಅವಳ ಸಂಪಾದನೆಯಿಂದ. ಸುತ್ತಮುತ್ತಲಿನವರ ಔತಣಗಳಿಗೆ ಅಡಿಗೆ ಮಾಡಿಕೊಟ್ಟು ಅವಳು ದುಡಿಯುತ್ತಿದ್ದಳು. ಇದನ್ನು ಮೊದಲ ಪುಟದಲ್ಲೇ ಹೇಳು. ನೀನು ಆರನೇ ಪುಟಕ್ಕೆ ತಳ್ಳಿದ್ದೀಯ.

ಮನೆಯ ಹೆಸರು ಫಾನ್‌ಯುಂಕರ್ಸ್, ಹೆಲ್ಸಿಂಕಿಯ ಪಶ್ಚಿಮಕ್ಕಿರುವ ಸಿಯುಂಟಿಯೊದಲ್ಲಿ. ಅಂಥ ಮನೆಗೆ ಅಲ್ಲಿ ‘ತೊರ್ಪ್ಪ’ ಅನ್ನುತ್ತಾರೆ. ದೊಡ್ಡ ಜಮೀನಿನ ಅಂಚಿನ ಗೇಣಿ ಮನೆ. ಸಾಮಾನ್ಯವಾಗಿ ಗೇಣಿಯನ್ನು ಒಡೆಯನ ಹೊಲದಲ್ಲಿ ಇಂತಿಷ್ಟು ದಿನ ದುಡಿದು ತೀರಿಸುವ ಪದ್ಧತಿ. ನೀನು ‘ತೋಟದ ಬಂಗಲೆ’ ಎಂದು ಬರೆದಿರುವುದು ಪೂರ್ತಿ ತಪ್ಪು. ‘ಗೇಣಿ ಮನೆ’ ಅಂದರೆ ನಮ್ಮವರಿಗೆ ಥಟ್ಟನೆ ಅರ್ಥವಾಗುತ್ತದೆ.

ಇನ್ನೊಂದು ತೊಡಕು ಅವನ ಹೆಸರು. ಕನ್ನಡದಲ್ಲಿ ‘ಕಿವಿ’ ಅಂದರೆ ಓದುಗ ಒಂದು ಕ್ಷಣ ಎಡವುತ್ತಾನೆ. ಫಿನ್ನಿಶ್‌ನಲ್ಲಿ ಅದು ‘ಕಲ್ಲು’. ಹುಟ್ಟುಹೆಸರು ಸ್ಟೆನ್‌ವಾಲ್, ಅದರಲ್ಲಿನ ‘ಸ್ಟೆನ್’ ಎಂಬುದಕ್ಕೆ ಸ್ವೀಡಿಶ್‌ನಲ್ಲೂ ಕಲ್ಲು ಎಂದೇ ಅರ್ಥ. ಹೆಸರು ಮೊದಲು ಬರುವಲ್ಲೇ ಇದನ್ನು ಒಂದು ವಾಕ್ಯದಲ್ಲಿ ಹೇಳಿ ಮುಂದೆ ಹೋಗು.

ಹುಡುಕಾಟದಲ್ಲಿ ಎಲ್ಲರೂ ಸೋಲುವುದು ಊರಿನ ಹೆಸರುಗಳಲ್ಲಿ. ಅಲ್ಲಿ ಬಹಳಷ್ಟು ಊರುಗಳಿಗೆ ಎರಡೆರಡು ಹೆಸರು. ಸಿಯುಂಟಿಯೊ ಸ್ವೀಡಿಶ್‌ನಲ್ಲಿ ಶುಂಡಿಯೊ, ಕಿವಿ ತೀರಿಕೊಂಡ ತೂಸುಲ ಅಂದರೆ ತೂಸ್ಬಿ. ಆಗಿನ ಚರ್ಚ್ ದಾಖಲೆ ಬಹುಪಾಲು ಸ್ವೀಡಿಶ್‌ನಲ್ಲಿದೆ. ಫಿನ್ನಿಶ್ ಹೆಸರಿನಲ್ಲಿ ಮಾತ್ರ ಹುಡುಕಿದರೆ ಬರಿಗೈಯಲ್ಲಿ ಮರಳುತ್ತೀಯ. ಮೊದಲು ಫಿನ್ಲೆಂಡಿನ ರಾಷ್ಟ್ರೀಯ ಪತ್ರಾಗಾರದ ಡಿಜಿಟಲ್ ಸಂಗ್ರಹಕ್ಕೆ ಹೋಗಿ ಸಿಯುಂಟಿಯೊ ಪ್ಯಾರಿಷ್ಷಿನ, ಅಂದರೆ ಚರ್ಚ್ ವಲಯದ, ಪ್ರಸಾದದ ಪುಸ್ತಕಗಳನ್ನು ತೆಗೆ. ಚರ್ಚಿನವರು ತಮ್ಮ ಜನರ ವಿವರ ಬರೆದಿಡುತ್ತಿದ್ದ ಪುಸ್ತಕಗಳು ಅವು. ಅವು ಊರು, ಮನೆ, ಮನೆಯೊಳಗಿನ ಜನ ಎಂಬ ಕ್ರಮದಲ್ಲಿರುತ್ತವೆ. ಹಾಗಾಗಿ ವ್ಯಕ್ತಿಯ ಹೆಸರಿಗಿಂತ ಮೊದಲು ಮನೆಯ ಹೆಸರು ಹಿಡಿ. ಆಮೇಲೆ ರಾಷ್ಟ್ರೀಯ ಗ್ರಂಥಾಲಯದ ಹಳೆ ಪತ್ರಿಕೆಗಳು. ಕೊನೆಯಲ್ಲಿ ಅವನ ಕಾಗದಗಳು. ಉಳಿದಿರುವುದು ಸುಮಾರು 70. ಅವನ್ನೇ ಮೊದಲು ಓದಿದರೆ ಎಲ್ಲವನ್ನೂ ಅವನ ಕಣ್ಣಿಂದ ನೋಡುವ ಚಾಳಿ ಬಿದ್ದುಬಿಡುತ್ತದೆ, ಶಾರ್ಲೊಟ್ಟ ಮತ್ತೆ ಬಾಗಿಲ ಹಿಂದೆ ಸರಿಯುತ್ತಾಳೆ.

ಆಗ ಫಿನ್ಲೆಂಡ್ ರಷ್ಯಾ ಚಕ್ರವರ್ತಿಯ ಅಧೀನದಲ್ಲಿತ್ತು, ರಷ್ಯಾದ ಹಳೆ ಕ್ಯಾಲೆಂಡರ್ 12 ದಿನ ಹಿಂದಿತ್ತು ಎಂದು ತಾರೀಖುಗಳಿಗೆ ಅಷ್ಟು ದಿನ ಕೂಡಿಸಿದ್ದೀಯ. ಬೇಡ. ಸ್ವೀಡನ್ನಿನ ಆಳ್ವಿಕೆಯಲ್ಲಿದ್ದಾಗಲೇ, 1753ರಲ್ಲಿ, ಅಲ್ಲಿಗೆ ಹೊಸ ಕ್ಯಾಲೆಂಡರ್ ಬಂದಿತ್ತು. ರಷ್ಯಾ ಬಂದ ಮೇಲೂ ಅದೇ ಉಳಿಯಿತು. ಹಾಗೆಯೇ ಕಿವಿಯನ್ನು ಸಿಯುಂಟಿಯೊದಿಂದ ಹೆಲ್ಸಿಂಕಿಗೆ ರೈಲು ಹತ್ತಿಸಿದ್ದೀಯ. ಆ ಹಾದಿಗೆ ರೈಲು ಬಂದದ್ದು 1903ರಲ್ಲಿ.

ಬರಗಾಲದ ಭಾಗವನ್ನು ಮಾತ್ರ ಅವಸರಿಸಬೇಡ. 1867ರ ಮೇ ತಿಂಗಳಲ್ಲಿ ಹೆಲ್ಸಿಂಕಿಯ ಸರಾಸರಿ ಉಷ್ಣಾಂಶ 2 ಡಿಗ್ರಿಯನ್ನೂ ಮುಟ್ಟಲಿಲ್ಲ. ಬಿತ್ತನೆ ತಡವಾಯಿತು, ಸೆಪ್ಟೆಂಬರಿನಲ್ಲೇ ಹಿಮ ಕವಿದು ತೆನೆ ಹಾಳಾಯಿತು. ಜನ ಪೈನ್ ಮರದ ಒಳತೊಗಟೆಯನ್ನು ಕುಟ್ಟಿ ಹಿಟ್ಟಿಗೆ ಬೆರೆಸಿದರು. ತಿರಿದುಣ್ಣುತ್ತಾ ಅಲೆದವರ ಜೊತೆ ಜ್ವರವೂ ಊರೂರು ತಿರುಗಿತು. 1868ರ ಒಂದೇ ವರ್ಷದಲ್ಲಿ ದೇಶದ ನೂರರಲ್ಲಿ ಸುಮಾರು ಎಂಟು ಮಂದಿ ಸತ್ತರು. ಅಂಥ ಕಾಲದಲ್ಲೂ ಆ ಮನೆಯಲ್ಲಿ ಎರಡನೇ ತಟ್ಟೆ ಇಡುವುದು ನಿಲ್ಲಲಿಲ್ಲ. ‘ಸೇಯ್ತ್ಸೆಮನ್ ವೆಲ್ಯೆಸ್ತಾ’, ಅಂದರೆ ‘ಏಳು ಅಣ್ಣತಮ್ಮಂದಿರು’ ಎಂಬ ಅವನ ಕಾದಂಬರಿ, 1870ರಲ್ಲಿ ಹೊರಬಂತು. ಬರಗಾಲವನ್ನು ಪಕ್ಕದಲ್ಲಿಟ್ಟು ಆ ತಾರೀಖನ್ನು ಬರೆ. ಹಾಗೆಯೇ ಡಿಸೆಂಬರ್ ನಡುವಿನ ನಂತರ ಅಲ್ಲಿ ಹಗಲು ಆರು ಗಂಟೆಗಿಂತ ಕಡಿಮೆ ಎಂಬುದನ್ನೂ ಸೇರಿಸು. ಬರೆಯುವವನಿಗೆ ದೀಪವೂ ಬೇಕು, ಒಲೆಗೆ ಸೌದೆಯೂ ಬೇಕು.

ಅವಳು ಹುಟ್ಟಿದ್ದು 1815ರಲ್ಲಿ, ಅವನು 1834ರಲ್ಲಿ. ಹತ್ತೊಂಬತ್ತು ವರ್ಷದ ಅಂತರ. ಇದು ಪ್ರೇಮವೋ ತಾಯ್ತನವೋ ಎಂದು ನಾಲ್ಕು ಪುಟ ಚರ್ಚಿಸಿದ್ದೀಯ. ನಾಲ್ಕನ್ನೂ ತೆಗೆದುಬಿಡು. ಊಹೆಗೆ ಜಾಗ ಕೊಟ್ಟಷ್ಟೂ ಅವಳ ಕೆಲಸಕ್ಕೆ ಜಾಗ ಕಡಿಮೆಯಾಗುತ್ತದೆ.

ಪ್ರಾಧ್ಯಾಪಕ ಔಗುಸ್ಟ್ ಆಲ್‌ಕ್ವಿಸ್ಟ್ ಆ ಕಾದಂಬರಿಯನ್ನು ಕಟುವಾಗಿ ಟೀಕಿಸಿದ್ದು ನಿಜ. ಆ ಒಂದು ವಿಮರ್ಶೆಯೇ ಕಿವಿಯನ್ನು ಕೊಂದಿತು ಅನ್ನುವ ಕಥೆ ಸುಲಭ, ಅದಕ್ಕೇ ಎಲ್ಲರೂ ಹೇಳುತ್ತಾರೆ. ಸಾಲ, ಕುಡಿತ, ಕೆಡುತ್ತಿದ್ದ ಆರೋಗ್ಯ ಎಲ್ಲವೂ ಮೊದಲೇ ಇದ್ದವು. ಒಟ್ಟಿಗೇ ಇಟ್ಟು ಬರೆ. 1871ರಲ್ಲಿ ಕಾಯಿಲೆ ಅವಳೊಬ್ಬಳ ಕೈ ಮೀರಿತು. ಅವನನ್ನು ಹೆಲ್ಸಿಂಕಿಗೆ ಕರೆದೊಯ್ದರು, ಲಾಪಿನ್‌ಲಾಹ್ತಿ ಮಾನಸಿಕ ಆಸ್ಪತ್ರೆಗೂ ಸೇರಿಸಿದರು. ಕಡೆಗೆ ತೂಸುಲದಲ್ಲಿ ಅಣ್ಣನ ಆಸರೆಯಲ್ಲಿ, 1872ರ ಡಿಸೆಂಬರ್ 31ರಂದು ತೀರಿಕೊಂಡ. ಆಗ ಅವನಿಗೆ 38. ಇಲ್ಲಿ ‘ಅವಳು ಕೈಬಿಟ್ಟಳು’ ಎಂದು ಬರೆದಿದ್ದೀಯಲ್ಲ, ಆ ಕ್ರಿಯಾಪದವನ್ನು ಬದಲಿಸು. ಏಳು ವರ್ಷ ನೋಡಿಕೊಂಡವಳಿಗೆ ಅದು ಅನ್ಯಾಯ.

ಮುಖ್ಯವಾದ್ದು ಇನ್ನೊಂದಿದೆ. ನಿನ್ನ ಬರಹ ಅವನ ಸಾವಿನೊಂದಿಗೆ ಮುಗಿಯುತ್ತದೆ. ಅವಳು ಬದುಕಿದ್ದು 1891ರವರೆಗೆ, ಇನ್ನೂ ಹದಿನೆಂಟು ವರ್ಷ. 1873ರಲ್ಲಿ ಕಾದಂಬರಿ ಒಂದೇ ಸಂಪುಟವಾಗಿ ಬಂದಾಗಲೂ ಅವಳು ಇದ್ದಳು. ಆ ಹದಿನೆಂಟು ವರ್ಷಕ್ಕೆ ಒಂದು ಪ್ರತ್ಯೇಕ ಅಧ್ಯಾಯ ತೆರೆ. ಆ ವರ್ಷಗಳ ಪ್ರಸಾದದ ಪುಸ್ತಕಗಳನ್ನು ಪುಟ ಬಿಡದೆ ನೋಡು. ತಿದ್ದಿದ ಪ್ರತಿಯನ್ನು ದೀಪಾವಳಿಯೊಳಗೆ ಕಳಿಸು.

ಇಂತು ನಿನ್ನ ಹಿತ ಬಯಸುವ
ದೊಡ್ಡಮ್ಮ