ಮಂಗಳೂರಿನ ಯಹೂದಿ ಮನೆಯ ಕಥೆ ಬರೆಯುತ್ತಿರುವ ತಂಗಿಗೆ

ಪ್ರೀತಿಯ ತಂಗಿ,

ಅಬ್ರಹಾಂ ಬೆನ್ ಯಿಜುವಿನ ಮೇಲೆ ನೀನು ಬರೆಯುತ್ತಿರುವ ಕಾದಂಬರಿಯ ಮೊದಲ ಭಾಗ ಓದಿದೆ. ಓದಿಸಿಕೊಂಡು ಹೋಗುತ್ತದೆ. ಆದರೆ ಹಡಗು, ಬಿರುಗಾಳಿ ಜಾಸ್ತಿ ಆಯಿತು, ಮನೆ ಕಾಣಲಿಲ್ಲ. ಟ್ಯುನೀಷಿಯಾದ ಮಹ್ದಿಯಾದಲ್ಲಿ ಹುಟ್ಟಿ, ಯೆಮನ್‌ನ ಏಡನ್ ಬಂದರು ದಾಟಿ ಬಂದ ಈ ಯಹೂದಿ ವ್ಯಾಪಾರಿ 12ನೇ ಶತಮಾನದಲ್ಲಿ ಹೆಚ್ಚುಕಡಿಮೆ 17 ವರ್ಷ ನಮ್ಮ ಕರಾವಳಿಯ ಕಡೆ ಬದುಕು ಕಟ್ಟಿಕೊಂಡಿದ್ದವನು. ನಡುವೆ ಏಡನ್‌ಗೆ ಹೋಗಿಬಂದದ್ದೂ ಉಂಟು. ಅವನನ್ನು ಸಾಹಸಿಗನಂತೆ ಬರೆಯಬೇಡ, ಸಂಸಾರಸ್ಥನಂತೆ ಬರೆ.

ಅದಕ್ಕೆ ಬೇಕಾದ್ದು ಅವನ ಕಾಗದಪತ್ರಗಳಲ್ಲೇ ಇದೆ. ದೇವರ ಹೆಸರು ಇರಬಹುದಾದ ಬರಹವನ್ನು ಯಹೂದಿಗಳು ಎಸೆಯುವುದಿಲ್ಲ, ಒಂದು ಕಡೆ ಕೂಡಿಡುತ್ತಾರೆ. ಹಳೆ ಕೈರೋದ ಬೆನ್ ಎಜ್ರಾ ಸಿನಗಾಗ್ ಎಂಬ ಯಹೂದಿ ಪ್ರಾರ್ಥನಾ ಮಂದಿರದಲ್ಲಿದ್ದ ಅಂಥ ಕೋಣೆಗೆ, ಅಂದರೆ ಗೆನಿಜಾಕ್ಕೆ, ಲೆಕ್ಕದ ಚೀಟಿ, ಮದುವೆ ಕರಾರು, ಮನೆಯವರ ಪತ್ರ ಎಲ್ಲ ಬಂದು ಸೇರಿದವು. ಅಲ್ಲಿಂದ 1897ರಲ್ಲಿ ವಿದ್ವಾಂಸ ಸಾಲೊಮನ್ ಶೆಕ್ಟರ್ ಕೇಂಬ್ರಿಜ್‌ಗೆ ಸಾಗಿಸಿದ ತುಣುಕುಗಳೇ 1,90,000ಕ್ಕೂ ಹೆಚ್ಚು.

ಅದರಲ್ಲಿ ದೀಪದ ಪತ್ರ ಒಂದಿದೆ, ಅದನ್ನು ನಿಧಾನವಾಗಿ ಓದು. ಬೆನ್ ಯಿಜು ಇಲ್ಲಿ ಕಂಚಿನ ಸಾಮಾನು ಮಾಡಿಸುತ್ತಿದ್ದ. ಏಡನ್‌ನ ಗೆಳೆಯ ಯೂಸುಫ್ ಬೆನ್ ಅಬ್ರಹಾಂ ಹಳೆಯ ಪಾತ್ರೆಗಳನ್ನು ಕಳಿಸಿ ಹೊಸದು ಮಾಡಿಸಿಕೊಡು ಅನ್ನುತ್ತಾನೆ. ದೀಪದ ಕಂಬಕ್ಕೆ ಎಂಟು ಮೂಲೆ ಇರಲಿ, ದಪ್ಪಗಿರಲಿ. ಕಾಲು ಗಟ್ಟಿಯಾಗಿರಲಿ. ತಲೆಯ ಮೇಲಿನ ದೀಪಕ್ಕೆ ಎರಡು ಬತ್ತಿ. ನೋಡು, ಆ ಮನುಷ್ಯನ ಕಣ್ಣಿಗೆ ತನ್ನ ಮನೆಯ ಮೂಲೆ ಎಷ್ಟು ಚೆನ್ನಾಗಿ ಕಾಣುತ್ತಿತ್ತು! ಶುಕ್ರವಾರ ಸೂರ್ಯ ಮುಳುಗುವ ಮೊದಲು ದೀಪ ಹಚ್ಚಿದರೆ ಶನಿವಾರ ಕತ್ತಲಾಗುವವರೆಗೆ ಯಹೂದಿಗಳು ಬೆಂಕಿ ಮುಟ್ಟುವುದಿಲ್ಲ. ಇದನ್ನು ಸಬ್ಬತ್ ದೀಪ, ಅಂದರೆ ಅವರ ವಾರದ ವಿಶ್ರಾಂತಿ ದಿನದ ದೀಪ, ಮಾಡಿಬಿಡೋಣ ಅಂತ ನಿನಗೆ ಅನಿಸುತ್ತದೆ. ಪತ್ರ ಹಾಗೆ ಹೇಳುವುದಿಲ್ಲ. ದಯವಿಟ್ಟು ಮಾಡಬೇಡ. ಏಡನ್‌ನಿಂದ ಬೆನ್ ಯಿಜುವಿನ ಮನೆಗೆ ಸಕ್ಕರೆ, ಒಣದ್ರಾಕ್ಷಿ, ಕಾಗದ ಬರುತ್ತಿದ್ದವು. ಕಾಗದ ಇಲ್ಲಿ ಸಿಗುತ್ತಿರಲಿಲ್ಲ. ಬಂದ ಪತ್ರದ ಖಾಲಿ ಜಾಗದಲ್ಲೇ ಅವನು ಲೆಕ್ಕ ಬರೆದ, ಕವಿತೆಯನ್ನೂ ಬರೆದ. ನಿನ್ನ ಅಧ್ಯಾಯಗಳು ಇಂಥದ್ದರಿಂದ ಶುರುವಾಗಲಿ.

ಈಗ ಅಶು, ಅವನ ದಾಸಿಯಾಗಿದ್ದವಳು. ಈ ವಿಷಯದಲ್ಲಿ ನನಗೆ ನಿನ್ನ ಮೇಲೆ ಸ್ವಲ್ಪ ಬೇಸರವಿದೆ. 1132ರ ಅಕ್ಟೋಬರ್‌ನಲ್ಲಿ ಮಂಗಳೂರಿನಲ್ಲಿ ಬೆನ್ ಯಿಜು ಅವಳನ್ನು ದಾಸ್ಯದಿಂದ ಬಿಡಿಸಿ ಪತ್ರ ಬರೆದುಕೊಟ್ಟ. ಅವಳೇ ಅವನ ಮಕ್ಕಳ ತಾಯಿ ಅಂತ ಬಹುಪಾಲು ವಿದ್ವಾಂಸರ ಅಭಿಪ್ರಾಯ. ನೀನು ಇದನ್ನು ಪ್ರೇಮಕಥೆ ಮಾಡಿದ್ದೀಯ. ಅವಳು ಅವನಿಗೆ ಬೆಲೆಗೆ ಬಂದ ಹೆಣ್ಣು, ಅಲ್ವಾ? ಒಲವು ಇದ್ದಿರಬಹುದು. ಆದರೆ ಅವಳು ಬರೆದ ಒಂದು ಸಾಲೂ ನಮ್ಮ ಕೈಯಲ್ಲಿಲ್ಲ. ಅವಳ ಬಾಯಲ್ಲಿ ಉದ್ದುದ್ದ ಮಾತು ಹಾಕಬೇಡ. ಅವಳು ಮಾಡುವ ಕೆಲಸ ತೋರಿಸು, ಸಾಕು.

ಮಗಳ ಮದುವೆ ಮಾತ್ರ ಬಿಡಿಸಿ ಬರೆ. 1148ರಲ್ಲಿ ಸಿಸಿಲಿ ದ್ವೀಪವನ್ನು ಆಳುತ್ತಿದ್ದ ನಾರ್ಮನ್ನರು ಮಹ್ದಿಯಾ ಹಿಡಿದರು, ಅವನ ಒಡಹುಟ್ಟಿದವರು ಚೆಲ್ಲಾಪಿಲ್ಲಿಯಾದರು. ಮರುವರ್ಷ ಇವನು ಮಕ್ಕಳನ್ನು ಕರೆದುಕೊಂಡು ಏಡನ್‌ಗೆ ವಾಪಸಾದ. ಅಲ್ಲಿ ಒಬ್ಬ ದೊಡ್ಡ ವ್ಯಾಪಾರಿ ತನ್ನ ಮಗನಿಗೆ ಇವನ ಮಗಳನ್ನು ಕೇಳಿದ. ಹುಡುಗಿ ಮೂರು ವರ್ಷ ಅವರ ಮನೆಯಲ್ಲೇ ಇದ್ದಳು. ಆದರೂ ಸಿಸಿಲಿಯಲ್ಲಿ ಒಡಹುಟ್ಟಿದವನ ಮಗ ಇದ್ದಾನೆ ಅಂತ ಗೊತ್ತಾದಾಗ ಬೆನ್ ಯಿಜು ಆ ಸಂಬಂಧ ಬಿಟ್ಟ. ಹೊರಗಿನವರಿಗಿಂತ ಒಡಹುಟ್ಟಿದವನ ಮಗ ಮೊದಲು ಅಂದ. 1156ರಲ್ಲಿ ಹಳೆ ಕೈರೋದಲ್ಲಿ ಮದುವೆ ಆಯಿತು. ಅಣ್ಣತಮ್ಮಂದಿರ ಮಕ್ಕಳು ನಮ್ಮಲ್ಲಿ ಅಣ್ಣತಂಗಿ. ನಿನ್ನ ಓದುಗರು ಬೆಚ್ಚಿಬೀಳುತ್ತಾರೆ. ಬೀಳಲಿ, ನೀನು ಸಮಜಾಯಿಷಿ ಕೊಡಲು ಹೋಗಬೇಡ. ಚೆಲ್ಲಾಪಿಲ್ಲಿಯಾದ ಮನೆತನವನ್ನು ಮತ್ತೆ ಕೂಡಿಸಲು ಅವನ ಕೈಯಲ್ಲಿದ್ದ ದಾರಿ ಅದು. ಅಷ್ಟು ವರ್ಷ ಬೆಳೆದ ಮನೆಯ ಸೊಸೆಯಾಗದೆ, ಮುಖ ನೋಡದ ಹುಡುಗನಿಗಾಗಿ ಈಜಿಪ್ಟಿಗೆ ಹೊರಟ ಆ ಹುಡುಗಿಯ ಪ್ರಯಾಣ ನಿನ್ನ ಬಿರುಗಾಳಿಗಿಂತ ದೊಡ್ಡದು.

ಆ ಅಧ್ಯಾಯವನ್ನೇ ಮೊದಲು ಬರೆ. ಕರಡು ಆದ ಕೂಡಲೇ ಕಳಿಸು, ಓದುತ್ತೇನೆ.

ನಿನ್ನ ಅಕ್ಕ