ಗಡ್ಡೆ ತೆಗೆಸು, ಗರ್ಭಕೋಶದ ಮಾತು ಬೇರೆ

ಚಿ. ಸೌ. ಕೂಸಿಗೆ, ಶಿರಸಿಯಿಂದ ನಿನ್ನ ಅತ್ತೆ ಮಾಡುವ ಆಶೀರ್ವಾದಗಳು. ಇತ್ತ ಎಲ್ಲರೂ ಕ್ಷೇಮ.

ನಿನ್ನ ಅಪ್ಪ, ನನ್ನ ಅಣ್ಣ, ಎಲ್ಲ ಹೇಳಿದ. ಫೋನಿನಲ್ಲಾದರೆ ಬೈದುಬಿಡುತ್ತೇನೆ, ಅದಕ್ಕೇ ಕಾಗದ. ಗರ್ಭಕೋಶದಲ್ಲಿ 6 ಸೆಂಟಿಮೀಟರಿನ ಫೈಬ್ರಾಯ್ಡ್ ಗಡ್ಡೆ, ರಕ್ತ ಹೋಗಿ ಹೋಗಿ ಹಿಮೋಗ್ಲೋಬಿನ್ 8ಕ್ಕೆ ಇಳಿದಿದೆ. ಎಂಟು ತಿಂಗಳು ಬಾಯಿ ಬಿಡದೆ ಕುಮಟಾ ಬಸ್ಸಿನಲ್ಲಿ ನಿಂತು ಓಡಾಡಿದ್ದೀಯಲ್ಲ! ಈಗ ನಿನ್ನ ಗಂಡನ ಮನೆಯವರು, "ಮಗಳೊಬ್ಬಳು ಇದ್ದಾಳಲ್ಲ, ಗರ್ಭಕೋಶವನ್ನೇ ತೆಗೆಸಿಬಿಡಿ" ಎನ್ನುತ್ತಿದ್ದಾರಂತೆ.

ನನಗೂ ಇದೇ ಆಗಿತ್ತು. ಆಗ 41 ವರ್ಷ. ಅಡಿಕೆಗೊನೆ ಕೊಯ್ಲಿನ ದಿನಗಳು, ಅಂಗಳದಲ್ಲಿ ಹತ್ತು ಜನ ಅಡಿಕೆ ಸುಲಿಯುತ್ತಿದ್ದರು. ಮೆಟ್ಟುಗತ್ತಿ ಬಿಟ್ಟು ಎದ್ದೆ, ಕೂತಿದ್ದ ಮಣೆ ರಕ್ತದಿಂದ ಒದ್ದೆಯಾಗಿತ್ತು. ಯಾರೂ ನೋಡುವ ಮೊದಲೇ ಸೆರಗಿನಿಂದ ಒರೆಸಿ, ಮಣೆ ಬೋರಲು ಹಾಕಿ ಒಳಗೆ ಹೋದವಳು ಅಡಿಗೆಮನೆ ಹೊಸ್ತಿಲಲ್ಲಿ ಬಿದ್ದೆ. ಮೂರನೇ ದಿನ ಗೇಣುದ್ದ ಕೊಯ್ದು ಗರ್ಭಕೋಶ ತೆಗೆದರು. ಗಡ್ಡೆಯಷ್ಟನ್ನೇ ತೆಗೆಯಬಹುದೆಂದು ಡಾಕ್ಟರು ಹೇಳಲಿಲ್ಲ, ನಾನೂ ಕೇಳಲಿಲ್ಲ. ಸಹಿ ನಿನ್ನ ಮಾವ ಹಾಕಿದರು.

ಹಾಗಂತ ಗರ್ಭಕೋಶ ತೆಗೆಯುವುದೇ ತಪ್ಪು ಎನ್ನುತ್ತಿಲ್ಲ. ಕೆಲವರಿಗೆ ಅದೇ ಸರಿ. ತೊಂದರೆ ಕೊಡದ ಸಣ್ಣ ಗಡ್ಡೆಗೆ ಏನೂ ಮಾಡಬೇಕಿಲ್ಲ, ಮುಟ್ಟು ನಿಂತ ಮೇಲೆ ತಾನಾಗಿಯೇ ಕುಗ್ಗುವುದು ಹೆಚ್ಚು. ನಿನ್ನದು ಹಾಗಲ್ಲ, ರಕ್ತ ಕುಡಿಯುತ್ತಿದೆ. ಕಷಾಯಕ್ಕೆ ಕರಗೀತೆಂದು ಕಾಯಬೇಡ.

ಗಾತ್ರಕ್ಕಿಂತ ಅದು ಎಲ್ಲಿ ಕೂತಿದೆ ಎನ್ನುವುದು ಮುಖ್ಯ. ಗರ್ಭಕೋಶದ ಒಳಪೊಳ್ಳಿಗೆ ಚಾಚಿಕೊಂಡಿದ್ದರೆ ಹೊಟ್ಟೆಗೆ ಗಾಯವೇ ಇಲ್ಲದೆ ಕೆಳಗಿನಿಂದ ದುರ್ಬೀನು ಹಾಕಿ ತೆಗೆಯಬಹುದು. ನಿನ್ನದು ಗೋಡೆಯೊಳಗಿನದು. ಅದಕ್ಕೆ ಲ್ಯಾಪರೋಸ್ಕೋಪಿ: ಮೂರು ನಾಲ್ಕು ಸಣ್ಣ ತೂತು, ಹೊಟ್ಟೆಗೆ ಗ್ಯಾಸು ತುಂಬಿ ಗಡ್ಡೆ ಬಿಡಿಸಿ ಗೋಡೆಗೆ ಹೊಲಿಗೆ. ಆ ಹೊಲಿಗೆಯಲ್ಲೇ ಡಾಕ್ಟರ ಕೈಚಳಕ ಇರುವುದು. ಇಂಥವು ಎಷ್ಟು ಮಾಡಿದ್ದೀರಿ ಎಂದು ಕೇಳು, ಸಂಕೋಚ ಬೇಡ. ತೂತಿಗಿಂತ ಗಡ್ಡೆ ದೊಡ್ಡದು, ಚೂರು ಮಾಡಿಯೇ ಹೊರತೆಗೆಯಬೇಕು. ಒಳಗೆ ಗೊತ್ತಾಗದ ಕ್ಯಾನ್ಸರ್ ಇದ್ದರೆ ಯಂತ್ರ ಹಾಕಿ ಚೂರು ಮಾಡುವಾಗ ಹರಡೀತೆಂದು 2014ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಎಚ್ಚರಿಸಿತ್ತು. ಅಂಥದ್ದು ಅಪರೂಪ, ಆದರೂ ಚೀಲದೊಳಗೆ ಇಟ್ಟು ಚೂರು ಮಾಡುತ್ತೀರಾ ಎಂದು ವಿಚಾರಿಸು. ರಕ್ತಸ್ರಾವ ಹೆಚ್ಚಾದರೆ ಹೊಟ್ಟೆ ಕೊಯ್ಯಬೇಕಾದೀತು. ಅಂಥ ಹೊತ್ತಿನಲ್ಲಿ ಗರ್ಭಕೋಶದ ವಿಷಯ ಏನು ಎಂಬುದನ್ನು ಸಹಿಗೆ ಮೊದಲೇ ಮಾತಾಡಿಕೋ. ಸಹಿ ನಿನ್ನದಾಗಿರಲಿ.

ಅದಕ್ಕೂ ಮೊದಲು ರಕ್ತ ಏರಬೇಕು. ಕಬ್ಬಿಣದ ಮಾತ್ರೆಯೋ ಡ್ರಿಪ್ಪೋ, ಹೇಳಿದ್ದನ್ನು ತೆಗೆದುಕೋ. ಬೀಟ್‌ರೂಟ್ ತಿಂದರಾಯಿತು ಎನ್ನುವವರ ಮಾತು ಬಿಡು.

ನನ್ನ ಮಗಳಿಗೂ, ನಿನ್ನ ಅತ್ತಿಗೆಗೆ, ಹುಬ್ಬಳ್ಳಿಯಲ್ಲಿ ಇದೇ ಆಪರೇಷನ್ ಆಗಿದ್ದು. ಮಾರನೇ ದಿನ ಹೊಟ್ಟೆ ನೋವು ಎನ್ನಲಿಲ್ಲ, ಭುಜ ನೋವು ಎಂದು ಅತ್ತಳು. ನಾನು ಎದೆಯೇ ಹಿಡಿಯಿತೆಂದು ನರ್ಸಮ್ಮನ ಹಿಂದೆ ಓಡಿದೆ. ಆಕೆ ನಕ್ಕು, "ಒಳಗೆ ಉಳಿದ ಗ್ಯಾಸು ಅಮ್ಮ, ಓಡಾಡಿಸಿ" ಎಂದಳು. ಒಂದೆರಡು ದಿನಕ್ಕೆ ಹೋಯಿತು. ಮನೆಗೆ ಬರುವಾಗ ಕಾರಿನಲ್ಲಿ ಹೊಟ್ಟೆಗೆ ದಿಂಬು ಒತ್ತಿ ಹಿಡಿದಿದ್ದಳು, ನೀನೂ ಒಯ್ಯಿ. ನಮ್ಮ ಜಿಲ್ಲೆಯವರಿಗೆ ದೊಡ್ಡ ಆಪರೇಷನ್ ಎಂದರೆ ಮಣಿಪಾಲ, ಹುಬ್ಬಳ್ಳಿ, ಗೋವಾ, ಎಲ್ಲದಕ್ಕೂ ದೂರದ ದಾರಿಯೇ.

ಇನ್ನೊಂದು ಮಗು ಬೇಕೆಂದಿದ್ದರೆ ಹೊಲಿಗೆ ಗಟ್ಟಿಯಾಗುವವರೆಗೆ 3ರಿಂದ 6 ತಿಂಗಳು ತಡೆಯಲು ಹೇಳಬಹುದು. ಹೆರಿಗೆ ನೋಡುವ ಡಾಕ್ಟರಿಗೆ ಈ ಆಪರೇಷನ್ನಿನ ವಿಷಯ ಮುಚ್ಚಿಡಬೇಡ, ಸಿಸೇರಿಯನ್ ಬೇಕಾದೀತು. ಗಡ್ಡೆ ಮತ್ತೆ ಹುಟ್ಟುವುದೂ ಉಂಟು. ಗರ್ಭಕೋಶ ಉಳಿಸಿಕೊಂಡವರು ಅದನ್ನೂ ಒಪ್ಪಿಕೊಳ್ಳಬೇಕು.

ತಾರೀಖು ಗೊತ್ತಾದ ಕೂಡಲೇ ತಿಳಿಸು. ಶಿರಸಿ-ಕುಮಟಾ ನಡುವಿನ ದೇವಿಮನೆ ಘಟ್ಟದ ರಸ್ತೆ ತೆರೆದಿದ್ದರೆ ಅದರಲ್ಲೇ, ಇಲ್ಲವಾದರೆ ಸುತ್ತು ಹಾಕಿ ಬರುತ್ತೇನೆ. ತಿಂಗಳು ಇರುತ್ತೇನೆ. ಬಾವಿಯ ಕೊಡಪಾನ ನೀನು ಮುಟ್ಟಕೂಡದು.

ಇಂತು,
ನಿನ್ನ ಅತ್ತೆ